ಎಡ್ವಾಕ್ ವರದಿಯ ಪ್ರಥಮ ಕರಡು: ಒಂದು ವಿಮರ್ಶೆ

೧

ಶಾಸ್ತ್ರಗ್ರಂಥಗಳನ್ನು ಸಾಹಿತ್ಯವಿಮರ್ಶೆಯ ದೃಷ್ಟಿಯಿಂದ ಪರೀಕ್ಷಿಸುವ ವಾಡಿಕೆ ಪಂಡಿತರಲ್ಲಿ ವಿರಳ. ಕಾವ್ಯದಲ್ಲಿ ಶಬ್ದಾರ್ಥಗಳು ಬೇರ್ಪಡಿಸಲಾಗದಂತೆ ಕೂಡಿರುತ್ತವೆಂದೂ, ಶಾಸ್ತ್ರದಲ್ಲಿ ಅರ್ಥವೇ ಪ್ರಧಾನವಾಗಿ ಶಬ್ದವು ಅದರ ವಾಹನಮಾತ್ರವೆಂದೂ ಭಾವಿಸಿ, ಎರಡನೆಯದನ್ನು ಆಯಾ ಶಾಸ್ತ್ರಜ್ಞರ ಪಾಲಿಗೆ ಬಿಟ್ಟುಬಿಡುವುದುಂಟು. ಬಹುಮಟ್ಟಿಗೆ ಇದು ಯುಕ್ತವೇ. ಆದರೆ ಒಂದೊಂದು ಶಾಸ್ತ್ರಲೇಖದಲ್ಲಿ ಕರ್ತೃವು ಆರಿಸಿಕೊಂಡ ಮಾತುಗಳೇ ವಿಷಯದ ಆಕಾರವನ್ನು ನಿರ್ಣಯಿಸಿ, ಮುಂದಿನವರ ಆಲೋಚನೆಗೆ ದಾರಿಯನ್ನೂ ಎಲ್ಲೆಯನ್ನೂ ಹಾಕಿಕೊಟ್ಟಿರುತ್ತವೆ. ಅಂಥ ಲೇಖವನ್ನು ಅದರ ಭಾಷೆಯನ್ನು ಬಿಟ್ಟು ವಿಚಾರಿಸುವುದು ಸಾಧ್ಯವಿಲ್ಲ.

ಜಾನ್ ವಾನ್ ನ್ಯೂಮನ್ನರ ಹೆಸರಿನಲ್ಲಿ, ೧೯೪೫ನೆಯ ಇಸವಿ ಜೂನ್ ೩೦ರ ತಾರೀಖನ್ನು ಹೊತ್ತು ಹೊರಬಿದ್ದ ‘ಫಸ್ಟ್ ಡ್ರಾಫ್ಟ್ ಆಫ್ ಎ ರಿಪೋರ್ಟ್ ಆನ್ ದಿ ಎಡ್ವಾಕ್’ ಎಂಬುದು ಈ ಜಾತಿಗೆ ಸೇರಿದ ಬರಹ. ಬೆರಳಚ್ಚಿನ ೧೦೧ ಪುಟಗಳ ಈ ಅಪೂರ್ಣ ಕರಡು, ಇಂದು ಲೋಕದಲ್ಲೆಲ್ಲ ಬಳಕೆಯಲ್ಲಿರುವ ಗಣಕಯಂತ್ರಗಳ ರಚನಾಕ್ರಮವನ್ನು ಮೊದಲ ಬಾರಿಗೆ ಸಮಗ್ರವಾಗಿ ನಿರೂಪಿಸಿದ ಲೇಖವೆಂದು ಪ್ರಸಿದ್ಧವಾಗಿದೆ. ಆ ಕ್ರಮಕ್ಕೆ ‘ವಾನ್ ನ್ಯೂಮನ್ ವಿನ್ಯಾಸ’ವೆಂಬ ಹೆಸರೇ ನಿಂತುಹೋಗಿದೆ. ಅದೇ ಕಾಲದಿಂದ, ಈ ಹೆಸರು ನ್ಯಾಯವಾದುದಲ್ಲವೆಂಬ ಆಕ್ಷೇಪವೂ ಕೇಳಿಬರುತ್ತಿದೆ. ಹೊಗಳುವವರು ಕರಡಿನ ಗುಣವನ್ನು ಮಾತ್ರ ನೋಡುತ್ತಾರೆ. ತೆಗಳುವವರು ಅದರ ಶೀರ್ಷಿಕಾಪತ್ರವನ್ನು ಮಾತ್ರ ನೋಡುತ್ತಾರೆ. ಗುಣಕ್ಕೂ ದೋಷಕ್ಕೂ ಮೂಲವಾದುದು ಒಂದೇ, ಅದು ಕರಡಿನ ನಿರೂಪಣಶೈಲಿ ಎಂಬುದನ್ನು ತೋರಿಸುವುದು ಪ್ರಕೃತ ಲೇಖನದ ಉದ್ದೇಶ.

೨

ಕರಡು ಹುಟ್ಟಿದ ಸಂದರ್ಭವನ್ನು ಮೊದಲು ಸಂಗ್ರಹವಾಗಿ ತಿಳಿಯಬೇಕು. ಎರಡನೆಯ ಮಹಾಯುದ್ಧದ ಕಾಲದಲ್ಲಿ, ಅಮೆರಿಕದ ಸೈನ್ಯದ ಫಿರಂಗಿಗಳಿಗೆ ಬೇಕಾದ ಕೋಷ್ಟಕಗಳನ್ನು ಗಣಿಸುವುದಕ್ಕಾಗಿ, ಫಿಲಡೆಲ್ಫಿಯಾದಲ್ಲಿರುವ ಪೆನ್ಸಿಲ್ವೇನಿಯಾ ವಿಶ್ವವಿದ್ಯಾನಿಲಯದ ಮೂರ್ ಶಾಲೆಯಲ್ಲಿ ೧೯೪೩ರಲ್ಲಿ ಎನಿಯಾಕ್ ಎಂಬ ಯಂತ್ರದ ನಿರ್ಮಾಣವು ಆರಂಭವಾಯಿತು. ಜಾನ್ ಮಾಚ್ಲಿಯವರು ಅದರ ಕಲ್ಪನೆಯನ್ನು ಮುಂದಿಟ್ಟವರು. ಪ್ರೆಸ್ಪರ್ ಎಕರ್ಟರು ಮುಖ್ಯ ಎಂಜಿನಿಯರು. ಸೈನ್ಯದ ಪರವಾಗಿ ಹರ್ಮನ್ ಗೋಲ್ಡ್‌ಸ್ಟೈನರು ಅದರ ಮೇಲ್ವಿಚಾರಕರು. ಸುಮಾರು ೧೮,೦೦೦ ನಿರ್ವಾತನಾಳಗಳಿಂದ ಕೂಡಿ, ಸೆಕೆಂಡಿಗೆ ೫,೦೦೦ ಸಂಕಲನಗಳನ್ನು ಮಾಡಬಲ್ಲ ಈ ಯಂತ್ರವನ್ನು ೧೯೪೬ರ ಫೆಬ್ರವರಿಯಲ್ಲಿ ಸಾರ್ವಜನಿಕರಿಗೆ ತೋರಿಸಲಾಯಿತು. ಆದರೆ ಅದರ ನ್ಯೂನತೆಗಳು ಕಟ್ಟುತ್ತಿರುವಾಗಲೇ ನಿರ್ಮಾಪಕರಿಗೆ ವಿದಿತವಾಗಿದ್ದುವು. ತನ್ನ ಸಂಚಯಗಳಲ್ಲಿ ಅದು ಇಟ್ಟುಕೊಳ್ಳಬಹುದಾಗಿದ್ದುದು ೨೦ ಸಂಖ್ಯೆಗಳನ್ನು ಮಾತ್ರ. ಹೊಸದೊಂದು ಲೆಕ್ಕವನ್ನು ಒಡ್ಡಬೇಕಾದರೆ ತಂತಿಗಳನ್ನು ಕಿತ್ತು ಬೇರೆ ಕಡೆಗೆ ಚುಚ್ಚಿ, ಗುಂಡಿಗಳನ್ನು ತಿರುಗಿಸಿ, ಯಂತ್ರವನ್ನು ಹೊಸದಾಗಿ ಹೊಂದಿಸಬೇಕಾಗಿತ್ತು. ಕೆಲವೇ ನಿಮಿಷಗಳಲ್ಲಿ ಮುಗಿಯುವ ಗಣನೆಗೆ ಕೆಲವು ದಿನಗಳ ಸಿದ್ಧತೆ ನಡೆಯುತ್ತಿತ್ತು.

ಈ ನ್ಯೂನತೆಗೆ ಪರಿಹಾರವು ರೇಡಾರಿನ ಕೆಲಸದಿಂದ ಬಂದಿತು. ಪಾದರಸ ತುಂಬಿದ ಒಂದು ಕೊಳವೆಯ ಒಂದು ತುದಿಯಲ್ಲಿ ಹರಳಿನ ಮೂಲಕ ವಿದ್ಯುತ್ಸ್ಪಂದನವನ್ನು ಶಬ್ದತರಂಗವಾಗಿ ಪರಿವರ್ತಿಸಿ ಹರಿಯಬಿಟ್ಟರೆ, ಅದು ನಿಧಾನವಾಗಿ ಮತ್ತೊಂದು ತುದಿಯನ್ನು ಸೇರುತ್ತದೆ. ಅಲ್ಲಿ ಅದನ್ನು ಮತ್ತೆ ವಿದ್ಯುತ್ತಾಗಿ ಮಾಡಿ, ಬಲಪಡಿಸಿ, ಮೊದಲ ತುದಿಗೆ ಹಿಂದಿರುಗಿಸಿದರೆ ಸ್ಪಂದನಗಳ ಸಾಲು ಬೇಕಾದಷ್ಟು ಕಾಲ ಸುತ್ತುತ್ತಲೇ ಇರುತ್ತದೆ. ಈ ‘ವಿಳಂಬನಾಳ’ವನ್ನು ಸಂಖ್ಯೆಗಳ ಉಗ್ರಾಣವನ್ನಾಗಿ ಬಳಸಬಹುದೆಂಬುದು ಎಕರ್ಟರ ಸೂಚನೆ. ಯಂತ್ರಕ್ಕೆ ಕೊಡುವ ಆಜ್ಞೆಗಳನ್ನು ಯಂತ್ರದೊಳಗೇ ಇಡುವ ವಿಚಾರವು ಅವರು ೧೯೪೪ರ ಜನವರಿಯಲ್ಲಿ ಬರೆದಿಟ್ಟ ಒಂದು ಟಿಪ್ಪಣಿಯಲ್ಲಿ ಬೀಜರೂಪದಲ್ಲಿ ಕಂಡುಬರುತ್ತದೆ. ಆಗ ಇನ್ನೂ ವಾನ್ ನ್ಯೂಮನ್ನರು ಫಿಲಡೆಲ್ಫಿಯಾದ ಈ ಮಂಡಲಿಗೆ ಬಂದಿರಲಿಲ್ಲ. ಆ ವರ್ಷದ ಬೇಸಗೆಯಲ್ಲಿ ಅಬರ್ಡೀನಿನ ರೈಲುನಿಲ್ದಾಣದಲ್ಲಿ ಗೋಲ್ಡ್‌ಸ್ಟೈನರಿಗೂ ಅವರಿಗೂ ಆದ ಆಕಸ್ಮಿಕ ಭೇಟಿಯಿಂದ ಅವರ ಪ್ರವೇಶವಾಯಿತು. ಬುಡಪೆಸ್ಟಿನಲ್ಲಿ ೧೯೦೩ರಲ್ಲಿ ಹುಟ್ಟಿ, ಪ್ರಿನ್ಸ್‌ಟನ್ನಿನಲ್ಲಿ ನೆಲಸಿ, ಗಣಿತಶಾಸ್ತ್ರದ ನಾನಾ ಶಾಖೆಗಳಲ್ಲಿ ಅಗ್ರಗಣ್ಯರೆನಿಸಿದ್ದ ಅವರು, ಎನಿಯಾಕಿನ ಮುಂದಿನ ಯಂತ್ರವಾದ ಎಡ್ವಾಕಿನ ಚರ್ಚೆಗಳಲ್ಲಿ ಉತ್ಸಾಹದಿಂದ ಭಾಗವಹಿಸಿದರು. ೧೯೪೫ರ ವಸಂತದಲ್ಲಿ ಲಾಸ್ ಅಲಮೋಸಿನಿಂದ ಅವರು ಕಳುಹಿಸಿದ ಕೈಬರಹದ ಹಾಳೆಗಳನ್ನು ಗೋಲ್ಡ್‌ಸ್ಟೈನರು ಬೆರಳಚ್ಚು ಮಾಡಿಸಿದರು. ಅದೇ ‘ಪ್ರಥಮ ಕರಡು’.

೩

ಕರಡಿನ ಸ್ವರೂಪದಲ್ಲಿ ಮೊದಲು ಕಣ್ಣಿಗೆ ಬೀಳುವುದು ಅದರ ಅಂಗವಿಭಾಗದ ಸ್ಫುಟತೆ. ಹದಿನೈದು ಪ್ರಕರಣಗಳ ಈ ಬರಹವು ಪ್ರಾರಂಭದಲ್ಲಿಯೇ ಯಂತ್ರವನ್ನು ಕೆಲವೇ ಭಾಗಗಳಾಗಿ ವಿಂಗಡಿಸುತ್ತದೆ: ಅಂಕಗಣಿತವನ್ನು ನಡೆಸುವ ಭಾಗ, ನಡೆಸುವ ಕ್ರಮವನ್ನು ನಿಯಂತ್ರಿಸುವ ಭಾಗ, ಸ್ಮೃತಿ, ಒಳಕ್ಕೆ ತರುವ ಭಾಗ, ಹೊರಕ್ಕೆ ಕೊಡುವ ಭಾಗ, ಹಾಗೂ ಯಂತ್ರದ ಹೊರಗಿನ ಲೇಖನಸಾಧನ. ಒಂದೊಂದಕ್ಕೂ ಒಂದೆರಡು ಅಕ್ಷರಗಳ ಸಂಜ್ಞೆ. ಪ್ರತಿಯೊಂದು ಭಾಗವೂ ಏಕೆ ಬೇಕೆಂಬುದಕ್ಕೆ ಕಾರಣವುಂಟು. ಕಾರಣವಿಲ್ಲದೆ ಯಾವುದೂ ಪ್ರವೇಶಿಸುವುದಿಲ್ಲ. ಸೂತ್ರಗ್ರಂಥಗಳನ್ನು ಓದಿದವರಿಗೆ ಈ ಕ್ರಮವು ಅಪರಿಚಿತವೆನಿಸದು. ಲಕ್ಷಣ, ಪ್ರಯೋಜನ, ಅವಾಂತರಭೇದ ಎಂಬ ಕ್ರಮದಲ್ಲಿ ವಿಷಯವು ತಾನಾಗಿ ಬಿಚ್ಚಿಕೊಳ್ಳುತ್ತದೆ. ಎನಿಯಾಕಿನಲ್ಲಿ ಸಂಗ್ರಹಿಸುವುದೂ ಕೂಡುವುದೂ ಒಂದೇ ಸಂಚಯದಲ್ಲಿ ಬೆರೆತುಹೋಗಿದ್ದುವು. ಇಲ್ಲಿ ಆ ವ್ಯಾಪಾರಗಳು ಬೇರೆಬೇರೆ ಸ್ಥಾನಗಳನ್ನು ಪಡೆದುವು.

ಎರಡನೆಯ ವಿಶೇಷವು ಪರಿಭಾಷೆ. ಭಾಗಗಳನ್ನು ಕರ್ತೃವು ‘ಅಂಗ’ಗಳೆಂದು ಕರೆಯುತ್ತಾರೆ. ಗಣನೆ, ನಿಯಂತ್ರಣ, ಸ್ಮೃತಿ ಎಂಬ ಮೂರೂ ಮನುಷ್ಯನ ನರಮಂಡಲದಲ್ಲಿ ಪರಸ್ಪರ ಸಂಬಂಧವನ್ನುಂಟುಮಾಡುವ ನರಕೋಶಗಳಿಗೆ ಸಮಾನವೆಂದೂ, ಒಳಕ್ಕೆ ತರುವ ಭಾಗವು ಸಂವೇದಕ ನರಗಳಿಗೂ ಹೊರಕ್ಕೆ ಕೊಡುವ ಭಾಗವು ಚಾಲಕ ನರಗಳಿಗೂ ಅನುಗುಣವೆಂದೂ ಹೇಳುತ್ತಾರೆ. ಇವರಿಗಿಂತ ನೂರು ವರ್ಷ ಹಿಂದೆ ಇಂಗ್ಲೆಂಡಿನ ಚಾರ್ಲ್ಸ್ ಬ್ಯಾಬೇಜರು ತಮ್ಮ ‘ವಿಶ್ಲೇಷಕ ಯಂತ್ರ’ದ ಭಾಗಗಳನ್ನು ಹೆಸರಿಸುವಾಗ ‘ಗಿರಣಿ’ ಎಂದೂ ‘ಉಗ್ರಾಣ’ ಎಂದೂ ಕರೆದಿದ್ದರು. ಅವರ ಶಬ್ದಗಳು ಕೈಗಾರಿಕೆಯ ಲೋಕದಿಂದ ಬಂದುವು. ವಾನ್ ನ್ಯೂಮನ್ನರ ಶಬ್ದಗಳು ದೇಹದಿಂದ ಬಂದುವು. ಉಗ್ರಾಣವೆಂದರೆ ಯಾರೋ ತಂದಿಟ್ಟದ್ದು ಯಾರೋ ತೆಗೆದುಕೊಳ್ಳುವ ಸ್ಥಳ. ಅದಕ್ಕೊಬ್ಬ ಉಗ್ರಾಣಿಯುಂಟು, ಕಟ್ಟಿದವನುಂಟು. ಸ್ಮೃತಿಗಾದರೋ ಕಟ್ಟಿದವನಿಲ್ಲ, ಅದು ಉಳ್ಳವನದು. ಈ ಭೇದವು ಅಲ್ಪವೆಂದು ತೋರಿದರೂ, ಮುಂದಿನ ವಿವಾದವೆಲ್ಲವೂ ಇದರಲ್ಲಿ ಅಡಗಿದೆಯೆಂಬುದು ಸ್ವಲ್ಪದರಲ್ಲಿಯೇ ಸ್ಪಷ್ಟವಾಗುವುದು.

ಈ ನರಸಾದೃಶ್ಯಕ್ಕೆ ಆಧಾರವಾಗಿ ಕರಡು ಹೆಸರಿಸುವ ಲೇಖ ಒಂದೇ: ವಾರೆನ್ ಮ್ಯಾಕಲಕ್ ಮತ್ತು ವಾಲ್ಟರ್ ಪಿಟ್ಸ್ ಎಂಬುವರು ೧೯೪೩ರಲ್ಲಿ ಪ್ರಕಟಿಸಿದ, ನರಗಳ ವ್ಯಾಪಾರವನ್ನು ತರ್ಕದ ವಾಕ್ಯಗಳಾಗಿ ಬರೆದು ತೋರಿಸುವ ಪ್ರಬಂಧ. ಆ ಪ್ರಬಂಧದ ನರಕೋಶವು ವೈದ್ಯನು ಕಾಣುವ ನರಕೋಶವಲ್ಲ. ಆಯಾಸ, ಪ್ರೇರಣೆಯ ಮೆಟ್ಟಿಲಿನ ಏರಿಳಿತ, ಕಾಲಕ್ರಮದ ಸಂಕಲನ ಮುಂತಾದ ಜಟಿಲಧರ್ಮಗಳನ್ನು ತೆಗೆದುಹಾಕಿ, ‘ಉಂಟು’ ಅಥವಾ ‘ಇಲ್ಲ’ ಎಂಬೆರಡೇ ಸ್ಥಿತಿಗಳನ್ನುಳಿಸಿಕೊಂಡ ನರಕೋಶ ಅದು. ಅಂದರೆ ಮ್ಯಾಕಲಕ್–ಪಿಟ್ಸರು ನರವನ್ನು ತರ್ಕದ ಅಚ್ಚಿನಲ್ಲಿ ಎರೆದಿದ್ದರು. ವಾನ್ ನ್ಯೂಮನ್ನರು ಆ ಅಚ್ಚಿನಿಂದ ಬಂದ ನರವನ್ನು ತರ್ಕಯಂತ್ರಕ್ಕೆ ಉಪಮಾನವಾಗಿ ಮಾಡಿದರು. ಉಪಮಾನವೇ ಮೊದಲು ಉಪಮೇಯದ ಹೋಲಿಕೆಗೆ ತಕ್ಕಂತೆ ಕೊರೆಯಲ್ಪಟ್ಟಿದ್ದರೆ ಸಾದೃಶ್ಯವು ಪೂರ್ಣವಾಗಿ ಕಾಣುವುದರಲ್ಲಿ ಆಶ್ಚರ್ಯವೇನು? ಯಂತ್ರವು ಮಿದುಳಿನಂತಿದೆಯೆಂಬ ಜನಪ್ರಿಯವಾದ ಮಾತಿನ ಬುಡದಲ್ಲಿ ಈ ಚಕ್ರಕತೆ ಇದೆ. ಕರ್ತೃವು ಇದನ್ನು ಮರೆಮಾಡಿಲ್ಲವೆಂಬುದನ್ನೂ ಹೇಳಬೇಕು. ತಾವು ಯಾವ ಯಾವ ಧರ್ಮಗಳನ್ನು ಉಪೇಕ್ಷಿಸಿದ್ದಾರೆಂಬುದನ್ನು ಅವರು ಸ್ಪಷ್ಟವಾಗಿ ಪಟ್ಟಿಮಾಡಿದ್ದಾರೆ. ಮರೆತವರು ಮುಂದಿನ ಓದುಗರು.

ಆಲಂಕಾರಿಕರ ಪರಿಭಾಷೆಯಲ್ಲಿ ಇದನ್ನು ಹೀಗೆ ನಿರೂಪಿಸಬಹುದು. ಮಮ್ಮಟನು ಲಕ್ಷಣೆಗೆ ರೂಢಿ, ಪ್ರಯೋಜನ ಎಂದು ಎರಡು ಹೇತುಗಳನ್ನು ಹೇಳುತ್ತಾನೆ. ೧೯೪೫ರ ಕರಡಿನಲ್ಲಿ ‘ಸ್ಮೃತಿ’ಯೆಂಬುದು ಪ್ರಯೋಜನಲಕ್ಷಣೆ, ಯಂತ್ರಭಾಗದ ವ್ಯಾಪಾರವನ್ನು, ಅದು ಯಾವ ವಸ್ತುವಿನಿಂದಾದುದೆಂಬ ಚಿಂತೆಯಿಲ್ಲದೆ ಸೂಚಿಸುವುದೇ ಅದರ ಪ್ರಯೋಜನ. ದರ್ಭೆಯನ್ನು ತರುವವನೆಂಬ ಮೂಲಾರ್ಥವನ್ನು ಯಾರೂ ನೆನೆಯದೆ ‘ಕುಶಲ’ನೆಂಬ ಶಬ್ದವನ್ನು ಬಳಸುವಂತೆ, ಇಂದು ಯಂತ್ರದ ಸ್ಮೃತಿಯೆಂಬ ಮಾತು ರೂಢಿಲಕ್ಷಣೆಯಾಗಿಹೋಗಿದೆ. ತಾರ್ಕಿಕರ ಮತದಲ್ಲಿ ಸ್ಮೃತಿಯು ಸಂಸ್ಕಾರದಿಂದ ಹುಟ್ಟುವ ಜ್ಞಾನ. ಪಾದರಸದ ಕೊಳವೆಯಲ್ಲಿ ಸುತ್ತುವ ಸ್ಪಂದನಗಳ ಸಾಲನ್ನು ಹೆಚ್ಚೆಂದರೆ ಸಂಸ್ಕಾರಕ್ಕೆ ಹೋಲಿಸಬಹುದೇ ಹೊರತು ಜ್ಞಾನಕ್ಕಲ್ಲ. ಬ್ರಿಟನ್ನಿನ ಎಂಜಿನಿಯರುಗಳು ಬಹುಕಾಲ ‘ಉಗ್ರಾಣ’ದ ಅರ್ಥವುಳ್ಳ ಶಬ್ದವನ್ನೇ ಹಿಡಿದಿದ್ದರೆಂಬುದು ಗಮನಾರ್ಹ. ಕೇಂಬ್ರಿಜಿನ ಎಡ್‌ಸ್ಯಾಕ್ ಯಂತ್ರದ ಹೆಸರಿನ ನಡುವೆಯೇ ಆ ಶಬ್ದವು ಕುಳಿತಿದೆ. ಕನ್ನಡದಲ್ಲಿಯೂ ಇಂಥದೊಂದು ಸಂಚಾರ ನಡೆದಿದೆ. ‘ಗಣಕ’ನೆಂದರೆ ಮೊದಲು ಲೆಕ್ಕವನ್ನು ಬಲ್ಲ ಮನುಷ್ಯ, ಇಂಗ್ಲಿಷಿನ ‘ಕಂಪ್ಯೂಟರ್’ ಶಬ್ದವೂ ಹಾಗೆಯೇ ಇದ್ದಿತು. ಮೂರ್ ಶಾಲೆಯಲ್ಲಿ ಫಿರಂಗಿಯ ಕೋಷ್ಟಕಗಳನ್ನು ಕೈಯಿಂದ ಗಣಿಸುತ್ತಿದ್ದ ತರುಣಿಯರ ಹುದ್ದೆಯ ಹೆಸರೇ ಅದು. ಮನುಷ್ಯನ ಹೆಸರು ಯಂತ್ರಕ್ಕೆ ಹೋದಾಗ ಮನುಷ್ಯನು ಆ ಶಬ್ದದಿಂದ ಹೊರಬೀಳುತ್ತಾನೆ.

೪

ಇಷ್ಟು ಸಾಮಾನ್ಯವಿಚಾರ. ಕರಡಿನ ಸತ್ತ್ವವನ್ನು ತಿಳಿಯುವುದಕ್ಕೆ ಎರಡು ಮೂರು ಸ್ಥಲಗಳನ್ನು ವಿಶೇಷವಾಗಿ ನೋಡಬೇಕು.

ಒಂದನೆಯದು ಸ್ಮೃತಿಯ ಏಕತ್ವವನ್ನು ಕುರಿತ ಸ್ಥಲ. ದೀರ್ಘವಾದ ಗಣನೆಗೆ ಯಾವ ಯಾವ ವಿಷಯಗಳನ್ನು ನೆನಪಿಡಬೇಕೆಂದು ಕರ್ತೃವು ಒಂದೊಂದಾಗಿ ಎಣಿಸುತ್ತಾರೆ: ನಡುವಿನ ಫಲಗಳು, ಆಜ್ಞೆಗಳ ಸಾಲು, ಕೋಷ್ಟಕಗಳು, ಆರಂಭದ ಹಾಗೂ ಅಂಚಿನ ಮೌಲ್ಯಗಳು ಇತ್ಯಾದಿ. ಇವುಗಳ ಸ್ವಭಾವವೂ ಉದ್ದೇಶವೂ ಬೇರೆಬೇರೆಯೆಂದು ಒಪ್ಪಿಕೊಂಡು, ಆದರೂ ಎಲ್ಲವನ್ನೂ ಒಂದೇ ಅಂಗವಾಗಿ ಭಾವಿಸಿ, ಅದರ ಭಾಗಗಳನ್ನು ಯಾವ ಕೆಲಸಕ್ಕಾದರೂ ಬದಲಾಯಿಸಿಕೊಳ್ಳುವಂತೆ ಮಾಡಲು ಮನಸ್ಸು ಎಳೆಯುತ್ತದೆಯೆಂಬ ಅಭಿಪ್ರಾಯವನ್ನು ಸೂಚಿಸುತ್ತಾರೆ. ಆಜ್ಞೆಯೂ ಸಂಖ್ಯೆಯೂ ಒಂದೇ ಕೋಶದಲ್ಲಿ ವಾಸಿಸಬಹುದೆಂಬ ಈ ವಿಚಾರದಿಂದಲೇ ಒಂದು ಯಂತ್ರವು ತಂತಿಗಳನ್ನು ಕದಲಿಸದೆ ನಾನಾ ಕೆಲಸಗಳನ್ನು ಮಾಡಲು ಸಾಧ್ಯವಾಯಿತು. ಇಷ್ಟು ದೊಡ್ಡ ಮಾತು ಘೋಷಣೆಯಾಗಿ ಬಾರದೆ, ಒಂದು ಹಿಂಜರಿಕೆಯ ಪದದ ಬೆನ್ನೇರಿ ಬರುತ್ತದೆ. ಶಾಸ್ತ್ರಲೇಖನದಲ್ಲಿ ಇಂಥ ಸಂಯಮವು ಶ್ಲಾಘ್ಯ. ಆದರೆ ಆ ‘ಎಳೆತ’ವು ಯಾರ ಮನಸ್ಸಿನಲ್ಲಿ, ಯಾವಾಗ ಮೊದಲು ಹುಟ್ಟಿತೆಂಬುದನ್ನು ವಾಕ್ಯವು ತಿಳಿಸುವುದಿಲ್ಲ.

ಎರಡನೆಯದು ಕೊನೆಯ ಪ್ರಕರಣದಲ್ಲಿ ಬರುವ ಸಂಕೇತವಿಧಿ. ಸ್ಮೃತಿಯ ಪ್ರತಿಯೊಂದು ಕೋಶದಲ್ಲಿ ೩೨ ದ್ವಿಮಾನಾಂಕಗಳು. ಅವುಗಳಲ್ಲಿ ಮೊದಲನೆಯದು ೦ ಆಗಿದ್ದರೆ ಆ ಕೋಶದಲ್ಲಿರುವುದು ಸಂಖ್ಯೆ. ೧ ಆಗಿದ್ದರೆ ಆಜ್ಞೆ. ಆಜ್ಞೆಯಿರುವ ಕೋಶಕ್ಕೆ ಗಣನೆಯ ಫಲವನ್ನು ಕಳುಹಿಸಿದರೆ, ಆ ಆಜ್ಞೆಯಲ್ಲಿನ ಸ್ಥಾನನಿರ್ದೇಶವು ಮಾತ್ರ ಬದಲಾಗುತ್ತದೆ. ಉಳಿದುದು ಹಾಗೆಯೇ ನಿಲ್ಲುತ್ತದೆ. ಆಜ್ಞೆ ಮತ್ತು ಸಂಖ್ಯೆಗಳ ಭೇದವನ್ನು ಈ ಕರಡು ಸಂಪೂರ್ಣವಾಗಿ ಅಳಿಸಿತೆಂದು ಸಾಮಾನ್ಯವಾಗಿ ಹೇಳುವುದುಂಟು. ಮೂಲವನ್ನು ಓದಿದರೆ ಆ ಮಾತು ನಿಲ್ಲುವುದಿಲ್ಲ. ಮನೆಯೊಂದನ್ನೇ ಕೊಟ್ಟು, ಬಾಗಿಲ ಮೇಲೆ ಜಾತಿಯನ್ನು ಬರೆದಿಡುವ ಕ್ರಮ ಇದು. ‘ಸಂಗ್ರಹಿತ ಆಜ್ಞಾಕ್ರಮ’ವೆಂಬ ಒಂದೇ ಹೆಸರಿನ ಕೆಳಗೆ ಹಲವು ಬೇರೆಬೇರೆ ವಿಚಾರಗಳು ಸೇರಿಹೋಗಿವೆಯೆಂದು ಥಾಮಸ್ ಹೇಗ್, ಮಾರ್ಕ್ ಪ್ರೀಸ್ಟ್ಲಿ, ಕ್ರಿಸ್ಪಿನ್ ರೋಪ್ ಎಂಬ ಇತಿಹಾಸಕಾರರು ಈ ಶತಮಾನದಲ್ಲಿ ತೋರಿಸಿರುವುದು ಮೂಲಪಾಠದ ಇಂಥ ಪರಿಶೀಲನೆಯ ಫಲವೇ.

ಮೂರನೆಯದು ಒಮ್ಮೆಗೆ ಒಂದೇ ಕಾರ್ಯವೆಂಬ ನಿಯಮ. ನಿರ್ವಾತನಾಳವು ನರಕೋಶಕ್ಕಿಂತ ಎಷ್ಟೋ ಪಾಲು ಶೀಘ್ರವಾದುದರಿಂದ, ಏಕಕಾಲದಲ್ಲಿ ಹಲವು ಕೆಲಸಗಳನ್ನು ಮಾಡಿಸುವ ಜಟಿಲತೆಯನ್ನು ಬಿಟ್ಟು, ಒಂದಾದ ಮೇಲೊಂದರಂತೆ ಮಾಡಿಸಿ, ಯಂತ್ರವನ್ನು ಸರಳವಾಗಿಡುವುದೇ ಮೇಲೆಂದು ಕರಡು ವಾದಿಸುತ್ತದೆ. ಆ ಕಾಲದ ಸಾಧನಗಳಿಗೆ ಇದು ಸಮಂಜಸವಾದ ವಾದ. ಜಾನ್ ಬ್ಯಾಕಸರು ೧೯೭೭ರ ತಮ್ಮ ಟ್ಯೂರಿಂಗ್ ಉಪನ್ಯಾಸದಲ್ಲಿ, ಗಣನಭಾಗಕ್ಕೂ ಸ್ಮೃತಿಗೂ ನಡುವೆ ಒಂದೊಂದೇ ಪದವು ಹಾದುಹೋಗುವ ಈ ಏರ್ಪಾಡನ್ನು ಇಕ್ಕಟ್ಟಾದ ಕೊರಳಿಗೆ ಹೋಲಿಸಿ, ಅದು ಯಂತ್ರವನ್ನು ಮಾತ್ರವಲ್ಲದೆ ಯೋಚಿಸುವವರ ಬುದ್ಧಿಯನ್ನೂ ಬಿಗಿಹಿಡಿದಿದೆಯೆಂದು ಆಕ್ಷೇಪಿಸಿದರು. ಆಕ್ಷೇಪವು ತಟ್ಟಬೇಕಾದುದು ಕರಡಿಗಲ್ಲ. ಕರಡನ್ನು ಶಾಸನವನ್ನಾಗಿ ಮಾಡಿಕೊಂಡವರಿಗೆ.

೫

ಇನ್ನು ಮುಖ್ಯಪ್ರಶ್ನೆ. ಯಂತ್ರದ ಘಟಕಗಳನ್ನು ನಿಜವಾದ ನಿರ್ವಾತನಾಳಗಳಾಗಿಯೇ ವಿಚಾರಿಸಿದರೆ ರೇಡಿಯೋ ಎಂಜಿನಿಯರಿಂಗಿನ ಸೂಕ್ಷ್ಮಗಳಲ್ಲಿ ಸಿಕ್ಕಿಬೀಳಬೇಕಾಗುವುದೆಂದೂ, ಆದುದರಿಂದ ನಾಳದಂತೆ ವರ್ತಿಸುವ ಒಂದು ಕಲ್ಪಿತ ಘಟಕವನ್ನು ಆಧಾರವಾಗಿಟ್ಟುಕೊಂಡು ಮುಂದುವರಿಯುವುದೇ ಉಚಿತವೆಂದೂ ಆರನೆಯ ಪ್ರಕರಣದಲ್ಲಿ ಕರ್ತೃವು ಹೇಳುತ್ತಾರೆ. ವಿಳಂಬನಾಳವನ್ನು ಕುರಿತ ಪ್ರಕರಣಗಳಲ್ಲಿ ವಸ್ತುವಿಚಾರವು ಸ್ವಲ್ಪಮಟ್ಟಿಗೆ ಬರುವುದಾದರೂ, ಕರಡಿನ ಒಟ್ಟು ಗತಿ ವಸ್ತುವಿನಿಂದ ವ್ಯಾಪಾರದ ಕಡೆಗೆ, ಯಂತ್ರದಿಂದ ತರ್ಕದ ಕಡೆಗೆ. ಇದೇ ಅದರ ಮಹಾಗುಣ. ನಾಳಗಳು ಹೋಗಿ ಟ್ರಾನ್ಸಿಸ್ಟರುಗಳು ಬಂದುವು, ಪಾದರಸವು ಹೋಗಿ ಸಿಲಿಕಾನು ಬಂದಿತು. ಕರಡಿನ ವಿನ್ಯಾಸವು ಹಳದಾಗಲಿಲ್ಲ. ವಸ್ತುವಿಗೆ ಅಂಟದ ಬರಹವು ವಸ್ತುವಿನೊಡನೆ ನಾಶವಾಗುವುದಿಲ್ಲ.

ಆದರೆ ಎಕರ್ಟ್ ಮತ್ತು ಮಾಚ್ಲಿಯವರ ಶ್ರಮವು ಇದ್ದುದು ಆ ವಸ್ತುವಿನಲ್ಲಿಯೇ. ಸ್ಪಂದನವನ್ನು ಕೆಡದಂತೆ ಸುತ್ತಿಸುವುದು, ಸಾವಿರಾರು ನಾಳಗಳು ಸುಟ್ಟುಹೋಗದಂತೆ ದುಡಿಸುವುದು, ಎಲ್ಲವನ್ನೂ ಒಂದು ಗಡಿಯಾರದ ತಾಳಕ್ಕೆ ಹೊಂದಿಸುವುದು—ಇವುಗಳಿಗೆ ಹೆಸರುಗಳು ಅಂಟಿಕೊಂಡಿದ್ದುವು. ಕಲ್ಪಿತ ಘಟಕಕ್ಕೆ ಯಾರ ಹೆಸರೂ ಅಂಟುವುದಿಲ್ಲ. ವಸ್ತುವನ್ನು ಕಳಚಿದ ಕೈಯೇ ಹೆಸರುಗಳನ್ನೂ ಕಳಚಿತು. ಶೀರ್ಷಿಕಾಪತ್ರದಲ್ಲಿ ವಾನ್ ನ್ಯೂಮನ್ನರ ಹೆಸರೊಂದೇ ಇದೆ. ಒಳಗೆ ಆಧಾರವಾಗಿ ಹೆಸರಿಸಲ್ಪಟ್ಟವರು, ಯಂತ್ರವನ್ನು ಕಟ್ಟುವುದರಲ್ಲಿ ಯಾವ ಭಾಗವೂ ಇಲ್ಲದ ಮ್ಯಾಕಲಕ್–ಪಿಟ್ಸರು. ಉಳಿದ ಎಷ್ಟೋ ನಿರ್ದೇಶಗಳ ಸ್ಥಾನದಲ್ಲಿ, ಆಮೇಲೆ ತುಂಬುವ ಉದ್ದೇಶದಿಂದ ಬಿಟ್ಟ ಖಾಲಿ ಆವರಣಚಿಹ್ನೆಗಳು ನಿಂತಿವೆ. ಮೈಕೆಲ್ ಗಾಡ್‌ಫ್ರೀ ಅವರು ೧೯೯೩ರಲ್ಲಿ ಬೆರಳಚ್ಚಿನ ತಪ್ಪುಗಳನ್ನು ತಿದ್ದಿ ಪ್ರಕಟಿಸಿದ ಪರಿಷ್ಕೃತಪಾಠದಲ್ಲಿಯೂ ಈ ಶೂನ್ಯಸ್ಥಾನಗಳನ್ನು ಕಾಣಬಹುದು. ಗ್ರಂಥಸಂಪಾದನೆಯಲ್ಲಿ ಅನುಭವವುಳ್ಳವರಿಗೆ, ಕರ್ತೃವು ಬಿಟ್ಟ ಲೋಪವೂ ಪಾಠದ ಭಾಗವೇ ಎಂಬುದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಈ ಅಭಿಪ್ರಾಯವು ಬಹಳ ಕಾಲದ ಮೇಲೆ ಹುಟ್ಟಿದ ಊಹೆಯಲ್ಲ. ೧೯೪೫ರ ಸೆಪ್ಟೆಂಬರಿನಲ್ಲಿ, ಎಂದರೆ ಕರಡು ಹೊರಬಿದ್ದ ಮೂರೇ ತಿಂಗಳಲ್ಲಿ, ಎಕರ್ಟ್ ಮತ್ತು ಮಾಚ್ಲಿಯವರು ಎಡ್ವಾಕಿನ ಕಾರ್ಯಪ್ರಗತಿಯನ್ನು ಕುರಿತು ತಾವೇ ಒಂದು ವರದಿಯನ್ನು ಬರೆದರು. ಅದರಲ್ಲಿ ವಾನ್ ನ್ಯೂಮನ್ನರ ಉಪಕಾರವನ್ನು ಅವರು ಸೌಜನ್ಯದಿಂದ ಸ್ಮರಿಸಿದ್ದಾರೆ: ತರ್ಕನಿಯಂತ್ರಣವನ್ನು ಕುರಿತ ಚರ್ಚೆಗಳಲ್ಲಿ ಅವರು ಭಾಗವಹಿಸಿದುದು, ಕೆಲವು ಆಜ್ಞಾಸಂಕೇತಗಳನ್ನು ರಚಿಸಿದುದು, ಹಿಂದಿನ ಚರ್ಚೆಗಳ ಫಲಗಳನ್ನು ಬಹುಪಾಲು ಸಂಗ್ರಹಿಸಿ ಬರೆದುದು. ತಾವಿಬ್ಬರೂ ಸೂಚಿಸಿದ ಭೌತಿಕಸಾಧನಗಳ ಸ್ಥಾನದಲ್ಲಿ ಆ ಬರಹವು ಆದರ್ಶಘಟಕಗಳನ್ನಿಟ್ಟಿದೆಯೆಂದೂ, ತರ್ಕವಿಚಾರದಿಂದ ಗಮನವು ಚದುರದಿರಲೆಂಬುದೇ ಅದಕ್ಕೆ ಕಾರಣವೆಂದೂ ಅಲ್ಲಿಯೇ ವಿವರಿಸಿದ್ದಾರೆ. ಕರಡನ್ನು ಕುರಿತ ಮೊದಲ ವಿಮರ್ಶೆಯೆಂದು ಹೇಳಬಹುದಾದ ಈ ಮಾತುಗಳಲ್ಲಿ ಕೋಪವಿಲ್ಲ. ಗುಣವನ್ನೂ, ಅದಕ್ಕೆ ತೆತ್ತ ಬೆಲೆಯನ್ನೂ ಒಂದೇ ಉಸಿರಿನಲ್ಲಿ ಸೂಚಿಸುವ ನಿಷ್ಕರ್ಷೆಯಿದೆ. ಆ ವರದಿಯನ್ನು ಓದಿದವರು ಸ್ವಲ್ಪ ಮಂದಿ. ಕರಡನ್ನು ಓದಿದವರು ಬಹಳ ಮಂದಿ.

ಆ ಕಾಲದ ಮತ್ತೊಂದು ಬರಹದೊಡನೆ ಹೋಲಿಸಿದರೆ ಈ ಶೈಲಿಯ ವಿಶಿಷ್ಟತೆ ಇನ್ನೂ ಸ್ಪಷ್ಟವಾಗುವುದು. ಇಂಗ್ಲೆಂಡಿನ ಅಲನ್ ಟ್ಯೂರಿಂಗರು ೧೯೪೫ರ ಕೊನೆಯಲ್ಲಿ ಏಸ್ ಎಂಬ ಯಂತ್ರಕ್ಕಾಗಿ ಒಂದು ಯೋಜನಾಲೇಖವನ್ನು ಬರೆದರು. ಅದನ್ನು ವಾನ್ ನ್ಯೂಮನ್ನರ ವರದಿಯೊಡನೆ ಸೇರಿಸಿ ಓದಬೇಕೆಂದು ಅವರೇ ಸೂಚಿಸಿದ್ದಾರೆ. ಋಣವು ಹೀಗೆ ಬಾಯಿಬಿಟ್ಟು ಹೇಳಲ್ಪಟ್ಟಿದೆ. ಅವರ ಲೇಖದಲ್ಲಿ ವಿದ್ಯುನ್ಮಂಡಲಗಳ ಚಿತ್ರಗಳಿವೆ, ಆಜ್ಞಾಕ್ರಮದ ಮಾದರಿಗಳಿವೆ, ೧೧,೨೦೦ ಪೌಂಡುಗಳ ವೆಚ್ಚದ ಅಂದಾಜೂ ಇದೆ. ಟ್ಯೂರಿಂಗರ ಬರಹದಲ್ಲಿ ಕಾರ್ಯಾಗಾರದ ಸದ್ದು ಕೇಳುತ್ತದೆ. ವಾನ್ ನ್ಯೂಮನ್ನರದು ನಿಶ್ಶಬ್ದವಾದ ಮಂದಿರ. ಆದರೆ ಹರಡಿದುದು ಎರಡನೆಯದೇ. ೧೯೪೬ರ ಮೇ ತಿಂಗಳಲ್ಲಿ ಕಾಮ್ರಿಯವರು ಅಮೆರಿಕದಿಂದ ತಂದ ಪ್ರತಿಯೊಂದನ್ನು ಕೇಂಬ್ರಿಜಿನ ಮಾರಿಸ್ ವಿಲ್ಕ್ಸರಿಗೆ ಒಂದು ರಾತ್ರಿಯ ಮಟ್ಟಿಗೆ ಕೊಟ್ಟರು. ಪ್ರತಿ ತೆಗೆಯುವ ಅನುಕೂಲವಿಲ್ಲದೆ ವಿಲ್ಕ್ಸರು ರಾತ್ರಿಯೆಲ್ಲ ಕುಳಿತು ಓದಿದರು. ಮುಂದಿನ ಯಂತ್ರಗಳ ಮಾರ್ಗವು ಇದೇ ಎಂದು ಆಗಲೇ ನಿಶ್ಚಯಿಸಿದರು. ಅವರ ಎಡ್‌ಸ್ಯಾಕ್ ೧೯೪೯ರ ಮೇ ೬ರಂದು ತನ್ನ ಮೊದಲ ಗಣನೆಯನ್ನು ಮಾಡಿತು. ಕರಡು ವಿವರಿಸಿದ ಎಡ್ವಾಕಾದರೋ ಕೆಲಸಕ್ಕೆ ಬಂದುದು ೧೯೫೧ರಲ್ಲಿ. ಒಂದು ರಾತ್ರಿಯಲ್ಲಿ ಓದಿ ಮನಸ್ಸಿಗೆ ತಂದುಕೊಳ್ಳಬಹುದಾದ ಸ್ವಚ್ಛತೆ ಕರಡಿಗಿದ್ದುದರಿಂದಲೇ ಇದು ಸಾಧ್ಯವಾಯಿತು.

೬

ಕರಡೆಂದು ಹೆಸರಿಟ್ಟುಕೊಂಡ ಬರಹವು ಯಾವಾಗ ಪ್ರಕಟಣವಾಗುತ್ತದೆ? ಈ ಪ್ರಶ್ನೆ ಗ್ರಂಥಸಂಪಾದಕರಿಗೆ ಪರಿಚಿತವಾದುದು. ಇಲ್ಲಿ ಅದು ನ್ಯಾಯಾಲಯದ ಮೆಟ್ಟಿಲನ್ನೇರಿತು. ಗೋಲ್ಡ್‌ಸ್ಟೈನರು ಮೊದಲು ೨೪ ಪ್ರತಿಗಳನ್ನು ಯೋಜನೆಗೆ ಸಂಬಂಧಪಟ್ಟವರಿಗೆ ಹಂಚಿದರು; ಅನಂತರ ಪ್ರತಿಗಳು ಅಮೆರಿಕದಲ್ಲಿಯೂ ಇಂಗ್ಲೆಂಡಿನಲ್ಲಿಯೂ ಹರಡಿದುವು. ಅದನ್ನು ಮಂಡಲಿಯೊಳಗಿನ ವಿಚಾರಕ್ಕಾಗಿ ಬರೆದುದೇ ಹೊರತು ಪ್ರಕಟಣೆಗಾಗಿ ಅಲ್ಲವೆಂದು ಗೋಲ್ಡ್‌ಸ್ಟೈನರು ೧೯೭೨ರ ತಮ್ಮ ಇತಿಹಾಸಗ್ರಂಥದಲ್ಲಿ ಹೇಳಿದ್ದಾರೆ. ಎಕರ್ಟ್ ಮತ್ತು ಮಾಚ್ಲಿಯವರು ಸೈನ್ಯದ ಗೋಪ್ಯನಿಯಮಗಳಿಗೆ ಬದ್ಧರಾಗಿ ತಮ್ಮ ಕೆಲಸವನ್ನು ಪ್ರಕಟಿಸಲಾರದೆ ಇದ್ದರು. ೧೯೪೭ರ ಏಪ್ರಿಲಿನಲ್ಲಿ ಮೂರ್ ಶಾಲೆಯಲ್ಲಿ ಸೇರಿದ ಸಭೆಯಲ್ಲಿ, ಕರಡಿನ ಹಂಚಿಕೆಯೇ ಪ್ರಕಟಣವೆಂದು ಸೈನ್ಯದ ನ್ಯಾಯವಾದಿಗಳು ಅಭಿಪ್ರಾಯಪಟ್ಟರು. ಅಮೆರಿಕದ ಅಂದಿನ ಕಾನೂನಿನಂತೆ ಪ್ರಕಟಣವಾದ ಒಂದು ವರ್ಷದೊಳಗೆ ಪೇಟೆಂಟಿಗೆ ಅರ್ಜಿ ಹಾಕಬೇಕು. ಆ ಅವಧಿ ಕಳೆದುಹೋಗಿದ್ದಿತು. ಎನಿಯಾಕಿಗಾಗಿ ಎಕರ್ಟ್–ಮಾಚ್ಲಿಯವರು ೧೯೪೭ರ ಜೂನಿನಲ್ಲಿ ಅರ್ಜಿಹಾಕಿ ೧೯೬೪ರಲ್ಲಿ ಪಡೆದ ಪೇಟೆಂಟನ್ನು ನ್ಯಾಯಾಧೀಶ ಅರ್ಲ್ ಲಾರ್ಸನ್ನರು ೧೯೭೩ರ ಅಕ್ಟೋಬರ್ ೧೯ರಂದು ಅಸಿಂಧುವೆಂದು ತೀರ್ಪಿತ್ತರು. ಅದಕ್ಕೆ ಕೊಟ್ಟ ಹಲವು ಕಾರಣಗಳಲ್ಲಿ ಈ ಕರಡು ಪೂರ್ವಪ್ರಕಟಣವಾಗಿತ್ತೆಂಬುದೂ ಒಂದು. ತನ್ನನ್ನು ಕರಡೆಂದು ಕರೆದುಕೊಂಡುದರ ವಿನಾಯಿತಿಯಿಂದ ಹೆಸರುಗಳನ್ನು ಬಿಟ್ಟ ಬರಹವು, ಪ್ರಕಟಣವೆಂಬ ಅಧಿಕಾರದಿಂದ ಹಕ್ಕುಗಳನ್ನು ಅಳಿಸಿತು.

ಇದರಿಂದ ವಾನ್ ನ್ಯೂಮನ್ನರು ಪರಸ್ವವನ್ನು ಅಪಹರಿಸಿದರೆಂಬ ನಿಂದೆ ಸಿದ್ಧಿಸುವುದಿಲ್ಲ. ಅವರು ಖಾಲಿಬಿಟ್ಟ ಸ್ಥಳಗಳು ತುಂಬುವ ಉದ್ದೇಶವಿದ್ದುದಕ್ಕೆ ಸಾಕ್ಷಿ. ಮರುವರ್ಷ ಪ್ರಿನ್ಸ್‌ಟನ್ನಿನ ಯಂತ್ರವನ್ನು ಕುರಿತು ಬರೆದ ವರದಿಯಲ್ಲಿ ಬರ್ಕ್ಸ್, ಗೋಲ್ಡ್‌ಸ್ಟೈನ್, ವಾನ್ ನ್ಯೂಮನ್ ಎಂಬ ಮೂರು ಹೆಸರುಗಳೂ ಇವೆ. ಆದರೆ ಉದ್ದೇಶವು ನೆರವೇರಲಿಲ್ಲವೆಂಬುದೂ, ಹರಡಿದ ಪ್ರತಿಗಳ ಮೇಲೆ ತಿದ್ದುಪಡಿಯಾಗಲಿಲ್ಲವೆಂಬುದೂ ನಿಜ. ಪೂರ್ವಕವಿಗಳನ್ನು ಸ್ಮರಿಸಿಯೇ ಕಾವ್ಯವನ್ನು ಆರಂಭಿಸುವ ಕನ್ನಡಕವಿಗಳ ಸಂಪ್ರದಾಯವನ್ನು ಕೇವಲ ಮರ್ಯಾದೆಯೆಂದು ತಿಳಿಯುವವರು, ಅದಿಲ್ಲದ ಕಡೆ ಏನಾಗುವುದೆಂಬುದಕ್ಕೆ ಈ ಕರಡನ್ನು ನಿದರ್ಶನವಾಗಿ ನೋಡಬಹುದು.

೭

ಒಟ್ಟಿನಲ್ಲಿ ಕರಡಿನ ಯೋಗ್ಯತೆಯನ್ನು ಹೀಗೆ ನಿರ್ಣಯಿಸಬಹುದು. ಅದರಲ್ಲಿ ನಿರೂಪಿತವಾದ ವಿಚಾರಗಳು ಹಲವರ ಸಂಪತ್ತು; ನಿರೂಪಣೆಯು ಒಬ್ಬರದು. ಆ ನಿರೂಪಣೆ ಸಾಮಾನ್ಯವಾದುದಲ್ಲ. ಅದಿಲ್ಲದಿದ್ದರೆ ಮೂರ್ ಶಾಲೆಯ ಚರ್ಚೆಗಳು ಬಹುಕಾಲ ಆ ಗೋಡೆಗಳೊಳಗೇ ಉಳಿಯುತ್ತಿದ್ದುವು. ಆದರೆ ನಿರೂಪಕನನ್ನೇ ಆವಿಷ್ಕರ್ತನೆಂದು ಕರೆಯುವುದು, ಕಥೆಯನ್ನು ಚೆನ್ನಾಗಿ ಹೇಳಿದವನನ್ನು ಕಥೆಯ ನಾಯಕನೆಂದು ಭ್ರಮಿಸಿದಂತೆ. ‘ವಾನ್ ನ್ಯೂಮನ್ ವಿನ್ಯಾಸ’ವೆಂಬ ಹೆಸರನ್ನು ಇನ್ನು ಬದಲಾಯಿಸುವುದು ಕಷ್ಟ, ಅದೂ ರೂಢಿಯಾಗಿಹೋಗಿದೆ. ಅಧ್ಯಾಪಕರು ಅದನ್ನು ಬಳಸುವಾಗ, ಅದು ಒಂದು ಗ್ರಂಥದ ಹೆಸರೆಂದು ತಿಳಿಸಿದರೆ ಸಾಕು.

ಉಪಮಾನದ ವಿಷಯದಲ್ಲಿ ಕರ್ತೃವೇ ಮುಂದೆ ತಮ್ಮನ್ನು ತಿದ್ದಿಕೊಂಡರೆಂಬುದು ಅವರ ಪಾಂಡಿತ್ಯಕ್ಕೆ ಭೂಷಣ. ೧೯೪೬ರ ನವೆಂಬರಿನಲ್ಲಿ ನಾರ್ಬರ್ಟ್ ವೀನರರಿಗೆ ಬರೆದ ಪತ್ರದಲ್ಲಿ, ಮನುಷ್ಯನ ನರಮಂಡಲದಂಥ ಅತಿಜಟಿಲವಾದ ವಸ್ತುವನ್ನು ವಿಚಾರಕ್ಕೆ ಆರಿಸಿಕೊಂಡುದರ ವಿಷಯದಲ್ಲಿ ಅವರು ಶಂಕೆಯನ್ನು ಪ್ರಕಟಿಸಿದರು. ಅವರು ೧೯೫೭ರಲ್ಲಿ ತೀರಿಕೊಂಡ ಮೇಲೆ, ೧೯೫೮ರಲ್ಲಿ ಪ್ರಕಟವಾದ ‘ದಿ ಕಂಪ್ಯೂಟರ್ ಅಂಡ್ ದಿ ಬ್ರೈನ್’ ಎಂಬ ಅಪೂರ್ಣಗ್ರಂಥದಲ್ಲಿ ಮಿದುಳಿಗೂ ಯಂತ್ರಕ್ಕೂ ಇರುವ ಸಾಮ್ಯಕ್ಕಿಂತ ಭೇದವೇ ಮುಂದೆ ಬರುತ್ತದೆ. ಮಿದುಳಿನ ಭಾಷೆಯು ಗಣಿತದ ಭಾಷೆಯಲ್ಲವೆಂಬ ವಿಚಾರದ ಹೊಸ್ತಿಲಲ್ಲಿ ಆ ಗ್ರಂಥವು ನಿಂತುಹೋಗಿದೆ. ಮೊದಲ ಕರಡು ಪೂರ್ಣವಾಗಲಿಲ್ಲ. ಕೊನೆಯ ಗ್ರಂಥವೂ ಪೂರ್ಣವಾಗಲಿಲ್ಲ. ಮೊದಲನೆಯದರ ಧೈರ್ಯವನ್ನು ಲೋಕವು ಕೈಕೊಂಡಿತು. ಎರಡನೆಯದರ ಸಂಶಯವನ್ನು ಅಷ್ಟಾಗಿ ಕೈಕೊಳ್ಳಲಿಲ್ಲ.

ಯಂತ್ರವು ಕಲಿಯುತ್ತದೆ, ತಿಳಿಯುತ್ತದೆ, ನೆನೆಯುತ್ತದೆ ಎಂಬ ಮಾತುಗಳು ದಿನೇ ದಿನೇ ಹೆಚ್ಚುತ್ತಿರುವ ಈ ಕಾಲದಲ್ಲಿ, ಆ ಮಾತುಗಳ ಲಕ್ಷಣೆಯು ಎಲ್ಲಿ ಹುಟ್ಟಿತು, ಯಾವುದನ್ನು ಮರೆಸಿತು ಎಂದು ವಿಚಾರಿಸುವುದು ಭಾಷಾಶಾಸ್ತ್ರಜ್ಞರ ಮತ್ತು ಸಾಹಿತ್ಯಾಧ್ಯಾಪಕರ ಕರ್ತವ್ಯವೂ ಆಗಿದೆ. ಅದಕ್ಕೆ ವಾನ್ ನ್ಯೂಮನ್ನರ ಕರಡನ್ನೂ ಎಕರ್ಟ್–ಮಾಚ್ಲಿಯವರ ಪ್ರಗತಿವರದಿಯನ್ನೂ ಅಕ್ಕಪಕ್ಕದಲ್ಲಿಟ್ಟು ಓದುವುದಕ್ಕಿಂತ ಉತ್ತಮವಾದ ಆರಂಭವಿಲ್ಲ. ಒಂದರಲ್ಲಿ ಸ್ಮೃತಿಯಿದೆ, ಮತ್ತೊಂದರಲ್ಲಿ ಪಾದರಸವಿದೆ. ಯಂತ್ರವು ನಡೆದುದು ಎರಡೂ ಕೂಡಿದಾಗ.